ಮೂರನೇ ಅಂಕದ ಪೋಸ್ಟಮನ್

ನಾ ಪ್ರಾಂಪ್ಟರ್. ನನ್ನ ಮಾರಿ ಯಾರೂ ನೋಡಿಲ್ಲ.
ಎಡಗಡೆ ಸೈಡ್ ವಿಂಗಿನ್ಯಾಗ, ಜೀರೋ ಬಲ್ಬಿನ ಕೆಳಗ
ಮೂವತ್ತೊಂದು ವರ್ಷ ಪಿಸುಗುಟ್ಟೀನಿ.
ರಾಜಾನ ಸಿಟ್ಟು, ನಾಯಕಿ ಅಳು, ಹಾಸ್ಯದಾಂವನ ಬೈಗಳ
ಎಲ್ಲಾ ನನ್ನ ಬಾಯಿಂದ ಉದ್ರಿ ಹೋಗ್ಯಾವ.

ಬರದಾಂವ ಹೊಳಬಸಪ್ಪ ಮಲಜಿ, ಗುಳೇದಗುಡ್ಡದಾಂವ.
ಮನ್ಯಾಗ ಖಣದ ಮಗ್ಗ.
ಲಾಳಿ ಆ ಕಡೆ ಹೋದಾಗ ಗಂಡನ ಮಾತು,
ಈ ಕಡೆ ಬಂದಾಗ ಹೆಂಡತಿ ಜವಾಬು.
ನೂಲು ಹರದರ ಅಂಕದ ಪರದೆ.

ಅತ್ತಿ ಸೊಸಿ ಜಗಳಾ ಬರದಾ, ಹೊಲದ ಕೇಸು ಬರದಾ,
ಎರಡು ಹೆಂಡರ ಕಂಡಕ್ಟರನ್ನ ಬರದಾ:
ಜಮಖಂಡಿ ಕ್ಯಾಂಪಿನ್ಯಾಗ ತೊಂಬತ್ತಾರು ಪ್ರಯೋಗ!
ಮಾಲಕರು ತಿಜೋರಿ ಕೀಲಿ ಕೈಯಾಗ ಹಿಡದು ಕೇಳಿದ್ರು,
ಏನ ಬೇಕ್ರಿ ಕವಿಗಳ?
"ಒಂದು ಪಾರ್ಟು" ಅಂದ.
ಕೀಲಿ ಹಂಗ ಕಿಸೆದಾಗ ಇಳೀತು.

ಅವತ್ತಿನಿಂದ ಎಲ್ಲಾ ನಾಟಕಕ್ಕೂ ಒಬ್ಬ ಪೋಸ್ಟಮನ್.
ಮೂರನೇ ಅಂಕ, ಎರಡನೇ ಸೀನು.
ಖಾಕಿ ಅಂಗಿ, ಸೈಕಲ್ ಗಂಟಿ, ಒಂದು ಪತ್ರ, ಎರಡು ಮಾತು.
ಪೌರಾಣಿಕ ಬಂದಾಗ ದೂತ ಆದ;
ಅಂಗಿ ಬದಲಾತು, ಪತ್ರ ಅದ.

ನೀವು ನಂಬೂದಿಲ್ಲ.
ನೂರಿಪ್ಪತ್ತು ಪುಟ ಬರದಾಂವಗ
ತನ್ನ ಎರಡು ಮಾತು ನೆನಪಿರತಿದ್ದಿಲ್ಲ.
ಲೈಟು ಬಿದ್ದ ಕೂಡಲೆ
ದಾರಿ ತಪ್ಪಿದ ಕುರಿ ಹಂಗ ನನ್ನ ಕಡೆ ನೋಡಾಂವ.
"ನಿಮ್ಮ ಹೆಸರಿಗೆ ಬಂದೈತಿ" ನಾ ಅಂತಿದ್ದೆ.
"ನಿಮ್ಮ ಹೆಸರಿಗೆ ಬಂದೈತಿ" ಅಂತಿದ್ದ,
ಯಾವನೋ ಬ್ಯಾರೇದಾಂವ ಬರದ ಮಾತು,
ಭಾಳ ಛಲೋ ಐತಲ್ಲಾ ಅನ್ನೋ ಹಂಗ.

ನಾಯಕಿ ಕಸ್ತೂರಿ ಅಮೀನಗಡಗ ಅಕ್ಷರ ಬರಾಂಗಿಲ್ಲ.
ಹಾಳಿ ತಲಿಕೆಳಗ ಹಿಡದು, ಓದಿ ಅಳೂದು;
ಟೆಂಟೆಲ್ಲಾ ಮೂಗು ಏರಿಸೂದು.
ಆಟ ಮುಗದ ಮ್ಯಾಲ ಆ ಪತ್ರಾ ನಾ ಆರಿಸಿಟ್ಟೀನಿ.
ರೇಷ್ಮಿ ನೂಲು ಮೂರು ಕಟ್ಟು. ಕನ್ನಡಕದ ಕಾಲು.
ಸಣ್ಣ ಮಗಳ ಫೀಸು, ಬಾಕಿ.
ಮತ್ತ ಮೂಲ್ಯಾಗ, ಗೀರಿ ಹೊಡದಿದ್ದು,
ಮುಂದಿನ ನಾಟಕದ ಮೊದಲನೇ ಮಾತು.

ಒಂದ ಚಳಿಗಾಲ ಬಾದಾಮಿಗೆ ಫ್ರಾನ್ಸದ ಸಿನಿಮಾದವರು ಬಂದ್ರು.
ಅಗಸ್ತ್ಯತೀರ್ಥದ ಪಾವಟಿಗಿ ಮ್ಯಾಲ ಕ್ಯಾಮೆರಾ.
ಅರಬಿ ಒಗಿಯೋ ಹೆಣ್ಣಮಕ್ಕಳಿಗೆ ಸುಮ್ಮಿರ್ರಿ ಅಂದ್ರು,
ಯಾರ ಸುಮ್ಮಿರತಾರ?
ಅವರಿಗೊಬ್ಬ ಪೋಸ್ಟಮನ್ ಬೇಕಾಗಿತ್ತು.
ಸ್ವಂತ ಖಾಕಿ ಅಂಗಿ ಇದ್ದಾಂವ ಇಂವ ಒಬ್ಬನ.

ಕತಿ ಬರದಾಕೀನೂ ಅಲ್ಲೇ ಇದ್ಲು. ಪಾರ್ಟೂ ಮಾಡಾಕಿ.
ಹೆಸರು ಒಡೀಲ್; ನಾವು ಒಡಲವ್ವ ಅಂದಿವಿ.
ಅರವತ್ತರ ಹೆಂಗಸು, ಕೂದಲಿಗೆ ಬಣ್ಣ ಇಲ್ಲ.
ನಾಕ್ವತ್ತು ಸಿನಿಮಾ ಬರದು ತನಗಂತ ಬರಕೊಂಡಿದ್ದು
ಬಾಗಲಾ ತಗಿಯೋ ಪಾರ್ಟು.
ಇಂವ ಪತ್ರ ಕೊಡಬೇಕು, ಆಕಿ ಇಸಕೋಬೇಕು.
ಮಾತಿಲ್ಲ.

ವಿಜಾಪುರದ ಗೈಡ್ ಹುಡುಗ ದುಭಾಷಿ.
ಇಷ್ಟು ಬರದು ಇಷ್ಟ ಸಣ್ಣ ಪಾರ್ಟು ಯಾಕ, ಆಕಿ ಕೇಳಿದ್ಲು.
ಹೊಳಬಸಪ್ಪ ತಲಿ ಕೆರಕೊಂಡ. "ನೀವ್ಯಾಕ್ರಿ?"
ಇಬ್ಬರೂ ನಕ್ಕ ನಕ್ಕ ಹುಡುಗಗ ಕೆಲಸ ಉಳೀಲಿಲ್ಲ.
ಆಮ್ಯಾಲ ಆಕಿ ಅಂದದ್ದು ಇಷ್ಟ:
ಕಟ್ಟಿದ ಮನ್ಯಾಗ ಒಮ್ಮಿ ಕಾಲಿಟ್ಟು ನೋಡಬೇಕಾಗತೈತಿ,
ಗ್ವಾಡಿ ಖರೇವೋ, ಬಣ್ಣದ ಪರದೇನೋ.
ಇಂವ ಹೂಂ ಅಂದ. ತಿಳೀತೋ ಇಲ್ಲೋ.

ಏಳು ಟೇಕು.
ಏಳೂ ಸಲ ಪತ್ರ ಚಾಚಿ ಎಡಕ್ಕ ನೋಡಿದ.
ಎಡಕ್ಕ ವಿಂಗಿಲ್ಲ, ಬರೇ ಕೆಂಪು ಬಂಡಿ,
ಬಂಡಿ ಬುಡಕ ಶೇಂಗಾ ತಿನ್ನಕೋತ ನಾನು.
ಮಾತ ಇಲ್ಲದ ಪಾರ್ಟಿಗೂ ನನ್ನ ಹುಡುಕಿದ್ದ.
ಆ ಸಿನಿಮಾ ನಮ್ಮೂರಿಗೆ ಬರಲಿಲ್ಲ.
ಅವನ್ನ ಇಟ್ಟಾರೋ ಕತ್ತರಿಸ್ಯಾರೋ.

ಈಗ ಕಂಪನಿ ಇಲ್ಲ. ಟೆಂಟಿನ ತಾಡಪತ್ರಿ
ಬೆಲ್ಲದ ಗಾಣದ ಮ್ಯಾಲ ಐತಿ, ಮಹಾಲಿಂಗಪುರದಾಗ.
ಸೋಮವಾರಕ್ಕೊಮ್ಮಿ ಅವನ ಮನಿಗೆ ಹೋಗತೀನಿ.
ಹೋದವಾರ ಮಗ್ಗದ ಕುಣಿಯಾಗ ಕುಂತಾಂವ ತಲಿ ಎತ್ತದ ಅಂದ,
"ಈ ಸಲ ಪೋಸ್ಟಮನ್ ಪಾರ್ಟು ನಿನಗ."
ನನಗ ಯಾರು ಹೇಳಿಕೊಡಾಂವ, ಅಂದೆ.
"ಪತ್ರದಾಗ ಬರದಿರತೀನಿ" ಅಂದ,
ಹರದ ಎಳಿಗೆ ಎಂಜಲಾ ಹಚ್ಚಿ
ಗಂಟು ಹಾಕಾಕ ಹತ್ತಿದ.